ಎಡಗಾಲು ಎಳೆದ ನಾಯಕಿ

ಮನೆಗೊಂದಲ್ಲ, ಬೀದಿಗೊಂದು ಟಿ.ವಿ. ಇದ್ದ ಕಾಲವದು. ಹುಣಸೂರಿನಾಚೆ ಅಮ್ಮನ ತವರಿನಲ್ಲಿ ಆ ಒಂದು ತಾತನ ಪಡಸಾಲೆಯಲ್ಲಿತ್ತು. ಸಂಜೆಯಾದರೆ ಚಪ್ಪಲಿಗಳಿಗೆ ಜಗುಲಿ ಸಾಲುತ್ತಿರಲಿಲ್ಲ. ದಸರಾ ರಜೆಗೆ ನಾವು ಹೋಗುವ ಹೊತ್ತಿಗೆ ಊರಿಗೆ ಊರೇ ಹೊಗೆಸೊಪ್ಪು ಬೇಯುವ ವಾಸನೆ. ಸೊಪ್ಪು ಬೇಯಿಸುವ ಎತ್ತರದ ಮನೆ, ಅಂದರೆ ಬ್ಯಾರನ್ನಿನ ಒಲೆಯ ಕೆಂಡದಲ್ಲಿ ಗೆಣಸು ಸುಟ್ಟು ತಿನ್ನುವುದು ನಮ್ಮ ಮುಖ್ಯ ಕಸುಬು.

ಆ ವರ್ಷ ಅಮ್ಮನ ತಮ್ಮ ಪುಟ್ಟರಾಜು ಮಾವನೂ ಬೆಂಗಳೂರಿನಿಂದ ಬಂದಿದ್ದ. ಧಾರಾವಾಹಿಗಳಲ್ಲಿ ಚಿಕ್ಕಪುಟ್ಟ ಪಾತ್ರ ಮಾಡುತ್ತಿದ್ದ. ಪಾತ್ರ ಸಿಗದ ದಿನ ಸ್ಟುಡಿಯೋದಲ್ಲಿ ಸದ್ದು ಮಾಡುತ್ತಿದ್ದ. ತೆರೆಯ ಮೇಲೆ ಯಾರಾದರೂ ನಡೆದರೆ ಇವನು ಮೈಕಿನ ಮುಂದೆ ಅದೇ ಲಯಕ್ಕೆ ಹೆಜ್ಜೆ ಹಾಕಬೇಕು. ಮೊರದಲ್ಲಿ ರಾಗಿ ಅಲ್ಲಾಡಿಸಿದರೆ ಮಳೆ, ಕಬ್ಬು ಮುರಿದರೆ ಮೂಳೆ ಎಂಬ ವಿದ್ಯೆಗಳನ್ನು ನಮಗೂ ಧಾರೆಯೆರೆದ. ಎರಡೇ ದಿನದಲ್ಲಿ ನಾವು ಅಂಗಳದ ತುಂಬ ಮಳೆ ಸುರಿಸಿ ಕೋಳಿಗಳ ಕೃತಜ್ಞತೆಗೆ ಪಾತ್ರರಾದೆವು.

ಇದನ್ನು ಉದ್ಯೋಗವೆಂದು ಒಪ್ಪಲು ತಾತ ಸಿದ್ಧನಿರಲಿಲ್ಲ. ಮಗ ಊರಲ್ಲೇ ನಿಂತು ಬ್ಯಾರನ್ ನೋಡಿಕೊಳ್ಳಬೇಕೆಂಬುದು ಅವನ ಹಟ. ಗುರುವಾರದ ಕಂತಿನಲ್ಲಿ ತಾನು ಪೋಸ್ಟ್‌ಮ್ಯಾನ್ ಆಗಿ ಬರುವುದಾಗಿ ಮಾವ ತಿಳಿಸಿದಾಗ, ತಾತ ತೀರ್ಪು ಕಾಯ್ದಿರಿಸಿದ: “ಮೊಕ ಕಾಣ್ಲಿ. ಕಾಣ್ನಿಲ್ವಾ, ಸೊಪ್ಪೇರ್ಸಕ್ಕೆ ನಿಂತ್ಕೊ.”

ಗುರುವಾರ ಪಡಸಾಲೆ ತುಂಬಿತು. ಪೋಸ್ಟ್‌ಮ್ಯಾನ್ ಬಂದ. ಬಾಗಿಲಲ್ಲಿ ನಮಗೆ ಬೆನ್ನು ಹಾಕಿ ನಿಂತು ನಾಯಕಿಗೆ ಕಾಗದ ಕೊಟ್ಟ. ಅಲ್ಲಿಗೆ ಅವನ ಪಾತ್ರ ಮುಗಿಯಿತು.

ಪಕ್ಕದ ಮನೆ ಕಾಳೇಗೌಡ ಬೀಡಿ ಕಿವಿಗೆ ಸಿಕ್ಕಿಸಿಕೊಂಡು ವಿಚಾರಿಸಿದ: “ಬೆನ್ ತೋರ್ಸಕ್ಕೆ ಬೆಂಗ್ಳೂರ್ಗಂಟ ಓಗ್ಬೇಕಿತ್ತೇನ್ಲಾ ಪುಟ್ರಾಜ? ನಾಟಿ ಮಾಡುವಾಗ ಇಲ್ಲೇ ನೋಡ್ತಿದ್ವಲ್ಲ.”

ಜನ ನಕ್ಕರು. ಮಾವ ತಲೆ ಎತ್ತಲಿಲ್ಲ. ತಾತ ತೀರ್ಪು ನೀಡಲು ಗಂಟಲು ಸರಿಮಾಡಿಕೊಂಡ.

ಅತ್ತ ನಾಯಕಿ ಕಾಗದ ಹಿಡಿದು ಉದ್ದನೆಯ ಹಜಾರ ದಾಟುತ್ತಿದ್ದಳು. ಕಣ್ಣಿಗೆ ಪೊರೆ ಬಂದಿದ್ದ ಅಜ್ಜಿ ಗೋಡೆಗೊರಗಿ ಕಡ್ಲೆಕಾಯಿ ಸುಲಿಯುತ್ತಿದ್ದವಳು ಕೈ ನಿಲ್ಲಿಸಿದಳು.

“ಸುಮ್ಕಿರ್ರಪ್ಪ. ಇದು ನಮ್ ಪುಟ್ರಾಜನ್ ಕಾಲು ಕಣ.”

ಎಲ್ಲರೂ ಕಿವಿಗೊಟ್ಟೆವು. ಟಕ್, ಸರ್ರ್. ಟಕ್, ಸರ್ರ್. ಹನ್ನೆರಡನೇ ವಯಸ್ಸಿನಲ್ಲಿ, ಸೊಪ್ಪು ಏರಿಸಲೆಂದು ತಾತನೇ ಮೇಲೆ ಹತ್ತಿಸಿದಾಗ ಬ್ಯಾರನ್ನಿನ ತೊಲೆಯಿಂದ ಬಿದ್ದ ಮಾವನ ಎಡಗಾಲು ಅಂದಿನಿಂದ ನೆಲ ಬಿಟ್ಟು ಏಳುತ್ತಿರಲಿಲ್ಲ. ರೇಷ್ಮೆ ಸೀರೆಯ ನಾಯಕಿ ಅದೇ ಎಡಗಾಲು ಎಳೆಯುತ್ತಿದ್ದಳು. ಹಿಂದೆಯೇ ಬಂದ ಅವಳ ಅತ್ತೆಯೂ ಎಳೆದಳು. ಆಮೇಲೆ ಬಂದ ಇನ್ಸ್‌ಪೆಕ್ಟರ್ ಬೂಟು ಹಾಕಿಕೊಂಡು ಎಳೆದ.

“ಮ್ಯೂಸಿಕ್ಕಲ್ಲಿ ಮುಚ್ಚೋಯ್ತದೆ ಅಂದ್ಕಂಡಿದ್ದೆ ಕಣವ್ವ,” ಎಂದ ಮಾವ ಮೆಲ್ಲಗೆ.

ಅಜ್ಜಿ ತಾತನ ಕಡೆ ತಿರುಗಿದಳು. “ಆ ಮನೇಲಿ ಅಷ್ಟು ಜನಾನೂ ಇವನ್ ಕಾಲಲ್ಲೇ ನಡೀತಾವ್ರೆ. ಓಗ್ಲಿ ಬುಡಿ.”

ತಾತ ಬ್ಯಾರನ್ ಬೆಂಕಿ ನೋಡಿ ಬರುತ್ತೇನೆಂದು ಎದ್ದು ಹೋದ. ಬೆಂಕಿ ನೋಡಲು ಅಲ್ಲಿ ಆಗಲೇ ಇಬ್ಬರಿದ್ದರು. ಮರುವಾರ ಹುಣಸೂರಿನ ಬಸ್‌ಸ್ಟ್ಯಾಂಡಿನವರೆಗೆ ಮಾವನ ಬ್ಯಾಗು ಹೊತ್ತವನು ತಾತನೇ.

ತಾತ, ಅಜ್ಜಿ ಈಗಿಲ್ಲ. ಹೆಜ್ಜೆ ಸದ್ದೆಲ್ಲ ಕಂಪ್ಯೂಟರಿನಲ್ಲೇ ಸಿದ್ಧವಾಗಿ ಸಿಗುತ್ತದಂತೆ. ಮಾವನಿಗೆ ತಲೆ ನರೆತ ಮೇಲೆ ಅಜ್ಜನ ಪಾತ್ರಗಳು ಸಿಗುತ್ತಿವೆ. ಮುಖ ತೆರೆತುಂಬ ಕಾಣುತ್ತದೆ. ಎಡಗಾಲು ಎಳೆಯುತ್ತಲೇ ಅವನು ಹಜಾರ ದಾಟುತ್ತಾನೆ. ಕೇಳುವುದು ಮಾತ್ರ ಟಕ್, ಟಕ್, ಟಕ್, ಟಕ್.

ಇದು ನಮ್ಮ ಪುಟ್ಟರಾಜನ ಕಾಲಲ್ಲ ಎನ್ನುವವರು ಪಡಸಾಲೆಯಲ್ಲಿ ಯಾರೂ ಇಲ್ಲ.