ಎರಡು ಹೆಸರಿನ ಚಿಕ್ಕಿಗಳು

ಸಂಶಿಯ ಆ ಮನೆಗೆ ನಾನು ಹೋಗಿದ್ದು ಟಿವಿ ರಿಪೇರಿಗೆ. ಕೆಲಸ ಮುಗಿಸಿ ಹುಬ್ಬಳ್ಳಿ ಬಸ್ಸಿಗೆ ಹೊರಟಾಗ ಹಿರಿಸೊಸೆ ತಡೆದು, ಟಿವಿಗೆ ಜೋಡಿಸಿದ್ದ ಗೇಮ್ ಕನ್ಸೋಲ್ ತೋರಿಸಿದರು. ಪರದೆಯ ಮೂಲೆಯಲ್ಲಿ ಆಟದಲ್ಲಿ ಗೆದ್ದ ನಕ್ಷತ್ರಗಳ ಲೆಕ್ಕವಿತ್ತು.

"ಈ ಆಟದಾಗ ನನ್ನ ಹೆಸರಿನ್ಯಾಗ ಒಂದಿಷ್ಟು ಚಿಕ್ಕಿ ಅದಾವ್ರಿ, ತಂಗಿ ಹೆಸರಿನ್ಯಾಗ ಒಂದಿಷ್ಟು. ಎರಡೂ ಕೂಡಿಸಿ ಕೊಡ್ರಿ. ಎಲ್ಲಾ ಕೂಡಿದ್ರ ಕಡೀ ಬಾಗಿಲಾ ತೆರೀತೈತಿ."

ತಂಗಿ ಅಂದರೆ ಕಿರಿಸೊಸೆ, ಅವರ ನೆಗೆಣ್ಣಿ. ಮಧ್ಯಾಹ್ನ ಕೆಲಸ ಮುಗಿದ ಮೇಲೆ ಇಬ್ಬರೂ ಸರದಿಯಂತೆ ಆಡುತ್ತಿದ್ದರಂತೆ. ಮರುದಿನ ಹಿರಿಯಾಕೆ ಗಂಡನೊಂದಿಗೆ ಕುಂದಗೋಳದಲ್ಲಿ ಬೇರೆ ಮನೆ ಹೂಡುವವರಿದ್ದರು.

ಗಡಿಯಾರ ನೋಡುತ್ತಲೇ ಸೆಟ್ಟಿಂಗ್ಸ್ ಎಲ್ಲ ಹುಡುಕಿದೆ. "ಕೂಡಿಸಾಕ ಬರೂದಿಲ್ರಿ. ಯಾರದು ಅವರ ಹೆಸರಿನ್ಯಾಗ ಇರತೈತಿ."

ಹೊರಗೆ ಬಸ್ಸಿನ ಹಾರ್ನ್ ಕೇಳಿತು. ನಾನು ಚಪ್ಪಲಿ ಮೆಟ್ಟುವಾಗ ಪಕ್ಕದಲ್ಲೇ ನಿಂತಿದ್ದ ಕಿರಿಯಾಕೆ ಕೇಳಿದಳು, "ಅಕ್ಕನ ಹೆಸರಿನ್ಯಾಗ ನಾ ಆಡಿದ್ರ ಮಷೀನಿಗೆ ಗೊತ್ತಾಗತೈತೇನ್ರಿ?"

"ಇಲ್ರಿ. ಯಾರ ಕೈ ಅಂತ ಅದಕ್ಕೇನ್ ಗೊತ್ತು."

ಆಕೆ ಅಲ್ಲೇ ಕೂತು, ಅಕ್ಕನಿಗೆ ಒಲಿಯದಿದ್ದ ಮೂರು ಹಂತಗಳನ್ನು ಆಡತೊಡಗಿದಳು. ಬೀಳುವುದು, ಮತ್ತೆ ಏಳುವುದು. ನಾನು ನಿಂತಲ್ಲಿ ನಿಲ್ಲಲಾರದೆ ಚಡಪಡಿಸಿದೆ, ಆದರೆ ಹೋಗಲೂ ಮನಸ್ಸಾಗಲಿಲ್ಲ. ಕೊನೆಗೂ ಬಾಗಿಲು ತೆರೆಯಿತು. ಹಿರಿಯಾಕೆ ಅದನ್ನು ನೋಡಲೇ ಇಲ್ಲ, ತಂಗಿಯ ಕೈ ಹಿಡಿದು ಕೂತಿದ್ದರು.

"ಇನ್ನ ನಿನ್ನ ಹೆಸರಿನ್ಯಾಗಿಂದು ನಾ ಆಡ್ತೇನಿ, ತಾ," ಎಂದು ಆಮೇಲೆ ಕಣ್ಣೊರೆಸಿಕೊಂಡರು.

ಅದೂ ಮುಗಿಯುವ ಹೊತ್ತಿಗೆ ನನಗೆ ಎರಡು ಬಸ್ಸು ತಪ್ಪಿದ್ದವು. ಸಂಶಿಯ ಟಿವಿ ಬಹಳ ಕಾಡಿಸಿತು ಎಂದು ಮನೆಯಲ್ಲಿ ಹೇಳಿದೆ.