ಮೆಟ್ಟಿಲಿಳಿದು ಬರುವ ಇರ್ಮಾ

ಹಲ್ಡಾ ಕ್ರೆಬ್ಸ್ ನನ್ನ ಪಕ್ಕದ ಮೇಜಿನಲ್ಲಿ ನಾಲ್ಕು ವರ್ಷ ಕೂತಳು. ಮಾತಿಲ್ಲದ ಸಿನಿಮಾಗಳ ಕಾಲ ಅದು. ನ್ಯೂಯಾರ್ಕಿನ ನಮ್ಮ ಫಿಲಂ ಡಿಪೋಗೆ ಊರೂರಿನ ಥಿಯೇಟರುಗಳಿಂದ ವಾಪಸಾಗುವ ರೀಲುಗಳನ್ನು ಬೆರಳಲ್ಲಿ ಸವರಿ ನೋಡಿ, ಹರಿದ ಕಡೆ ಕತ್ತರಿಸಿ ಅಂಟಿಸುವುದು ನಮ್ಮ ಹೆಂಗಸರ ಕೆಲಸ.

ಅವಳ ಮಗಳು ಇರ್ಮಾ ಐದನೇ ವಯಸ್ಸಿನಲ್ಲಿ, ನದಿಯಾಚೆಯ ಫೋರ್ಟ್ ಲೀಯಲ್ಲಿ ತೆಗೆದ ಸಿನಿಮಾವೊಂದರಲ್ಲಿ ದೆವ್ವವಾಗಿದ್ದಳು. ಬಿಳಿ ಅಂಗಿ ತೊಟ್ಟು ಮೆಟ್ಟಿಲಿಳಿದು ಬಂದು ಒಮ್ಮೆ ಮುಖ ತಿರುಗಿಸುತ್ತಾಳೆ, ಅಷ್ಟೇ. ಮರುವರ್ಷ, ಸಾವಿರದ ಒಂಬೈನೂರ ಹದಿನೆಂಟರ ದೊಡ್ಡ ಫ್ಲೂ ಜ್ವರದಲ್ಲಿ ಹೋಗಿಬಿಟ್ಟಳು. ಬೇರೆ ಫೋಟೊ ಒಂದೂ ಇರಲಿಲ್ಲ. ಮೂಲ ಫಿಲಂ ಸುಟ್ಟುಹೋಗಿ, ಉಳಿದದ್ದು ನಮ್ಮಲ್ಲಿದ್ದ ಒಂದೇ ಪ್ರತಿ.

ಜನಕ್ಕೋ ಆ ಮುಖವೇ ಬೇಕು. "ಇನ್ನೊಂದ್ಸಲ!" ಎಂದು ಕೂಗುತ್ತಿದ್ದರಂತೆ. ಥಿಯೇಟರಿನಲ್ಲಿ ಸಿನಿಮಾ ಓಡಿಸುವ ಆಪರೇಟರ್ ಮಹಾಶಯ ರೀಲನ್ನು ಕೈಯಲ್ಲೇ ಹಿಂದಕ್ಕೆಳೆದು ಅಲ್ಲೇ ಹರಿಯುತ್ತಿದ್ದ. ಅವನ ಕೈ ಸೇದಿಹೋಗ ಎಂದು ನಾನು ಶಪಿಸುತ್ತಿದ್ದೆ. ಹಲ್ಡಾ ಬೈಯುತ್ತಲೂ ಇರಲಿಲ್ಲ, ಅಳುತ್ತಲೂ ಇರಲಿಲ್ಲ.

ಅಂಟಿಸಬೇಕಾದರೆ ಒಂದು ತುದಿಯ ಚಿತ್ರವನ್ನು ಬ್ಲೇಡಿನಿಂದ ಕೆರೆದು ತೆಗೆಯಬೇಕು. ನಾವೆಲ್ಲ ಬಲತುದಿ ಕೆರೆಯುವವರು. ಕಣ್ಣು ಬೇಡ, ಕೈಗೇ ಗೊತ್ತು. ಈ ರೀಲಿಗೆ ಮಾತ್ರ ಹಲ್ಡಾ ಎಡತುದಿ ಕೆರೆಯುತ್ತಿದ್ದಳು. ಹರಿದ ಜಾಗದ ಎಡಕ್ಕೆ ಮೆಟ್ಟಿಲಿನ ಚಿತ್ರ, ಬಲಕ್ಕೆ ಇರ್ಮಾಳ ಮುಖ. ಮೆಟ್ಟಿಲು ಹೋದರೆ ಹೋಗಲಿ ಅಂತ. ಆದರೂ ಹರಿದೂ ಹರಿದೂ ಕೊನೆಗೆ ಮುಖದ ಚಿತ್ರ ಒಂದೇ ಒಂದು ಉಳಿಯಿತು.

ಒಂದು ಮಧ್ಯಾಹ್ನ ಆ ರೀಲು ಮತ್ತೆ ಅದೇ ಜಾಗದಲ್ಲಿ ಹರಿದು ಬಂತು. ನನ್ನ ಬಾಯಿಗೆ ಬೀಗವಿಲ್ಲ. "ಹಲ್ಡಾ, ದೆವ್ವ ಆಗೋಕೆ ಮಗೂಗೆ ಭಯ ಆಗ್ಲಿಲ್ವೇನೇ?" ಎಂದೆ.

ಅಷ್ಟು ವರ್ಷದಲ್ಲಿ ಮೊದಲ ಸಲ ಅವಳು ಇರ್ಮಾಳ ಮಾತೆತ್ತಿದಳು. "ಭಯಾನಾ? ಬರೀ ನಗು ಕಣೇ! 'ನಗಬೇಡ್ವೇ ದೆವ್ವ' ಅಂತ ಡೈರೆಕ್ಟರು ಹಣೆ ಹಣೆ ಚಚ್ಕೊಂಡ. ಕೊನೆಗೆ ಬಾಯಿಗೆ ಹುಳಿ ಸೌತೆಕಾಯಿ ಇಟ್ರು. ಮುಖ ಸಿಂಡರಿಸಿದ್ಲು ನೋಡು, ಅದನ್ನೇ ತೆಗೆದ್ರು. ಅದಕ್ಕೆ ಜನ ಹೆದರೋದು!"

ನನ್ನನ್ನೇ ನೋಡಿಕೊಂಡು ಹೇಳಿದಳು. ಇಬ್ಬರೂ ನಕ್ಕೆವು. ಅವಳು ನಕ್ಕಿದ್ದನ್ನು ನಾನು ನೋಡಿದ್ದು ಅದೇ ಮೊದಲು.

ಕೆಳಗೆ ನೋಡಿದರೆ, ಅವಳ ಕೈ ಬಲತುದಿ ಕೆರೆದು ಮುಗಿಸಿತ್ತು.

ಹಲ್ಡಾ ಆ ಬರಿದಾದ ತುಂಡನ್ನು ಒಂದು ಗಳಿಗೆ ಬೆಳಕಿಗೆ ಹಿಡಿದಳು. ಆಮೇಲೆ ಅಂಟು ಹಚ್ಚಿ ಒತ್ತಿದಳು.

"ಇದು ಯಾವೂರಿಗೆ?" ಎಂದಳು.

"ಟ್ರೆಂಟನ್‌ಗೆ."

ಡಬ್ಬಿಯ ಮೇಲೆ ಊರು ಬರೆದು, ಮುಂದಿನ ರೀಲು ಎತ್ತಿಕೊಂಡಳು.