ಚುಕ್ಕಿ ಗೆರೆಯ ಕೋಣೆಗಳು

ಅವರ ಬಲಗಿವಿಯ ಮೇಲೆ ಸದಾ ಒಂದು ಚಪ್ಪಟೆ ಪೆನ್ಸಿಲ್ ಇರುತ್ತಿತ್ತು. ಗೌಂಡಿಗಳು ಗೋಡೆಗೆ ಗುರುತು ಹಾಕಲು ಬಳಸುವಂಥದ್ದು, ಕೆಂಪು ಬಣ್ಣದ್ದು, ಬ್ಲೇಡಿನಿಂದ ಕೆತ್ತಿ ಕೆತ್ತಿ ಹೆಬ್ಬೆರಳಿನಷ್ಟು ಉಳಿದದ್ದು. ಎಷ್ಟೋ ವರ್ಷ ಅಲ್ಲೇ ಕೂತು ಕೂತು ಕಿವಿಯ ಮೇಲ್ತುದಿ ತುಸು ಹೊರಕ್ಕೆ ಬಾಗಿತ್ತು. ಪೆನ್ಸಿಲ್ ಇಲ್ಲದ ದಿನವೂ ಆ ಕಿವಿ ಅದಕ್ಕೆ ಜಾಗ ಬಿಟ್ಟುಕೊಂಡೇ ಇರುತ್ತಿತ್ತು.

ಕೂಡ್ಲಿಗಿಯ ಗ್ರಂಥಾಲಯದಲ್ಲಿ ಪುಸ್ತಕ ಕೊಡುವವರು ಅವರು. ಊರಿಗೆಲ್ಲ ಲೈಬ್ರರಿ ಸರ್. ನಾನು ಬಿ.ಎ. ಓದಿದ ಮೂರು ವರ್ಷ, ಕಾಲೇಜು ಬಿಟ್ಟ ಮೇಲೆ ನಮ್ಮ ಹಳ್ಳಿಯ ಬಸ್ಸು ಬರುವತನಕ ಅಲ್ಲಿ ಕೂರುತ್ತಿದ್ದೆ. ಮುಂದಿನ ಕೋಣೆಯಲ್ಲಿ ಪೇಪರ್ ಓದುವ ಗಂಡಸರು. ಕಾದಂಬರಿಗಳ ಬೀರು ಒಳಗೆ, ಅವರ ಮೇಜಿನ ಹಿಂದೆ. ಆ ಬೀರುವಿನ ಹತ್ತಿರ ಹೋಗುತ್ತಿದ್ದ ಹುಡುಗಿ ನಾನೊಬ್ಬಳೇ. ಎರಡನೆಯ ವಾರಕ್ಕೇ ಅವರು ಅಲ್ಲಿ ನನಗೊಂದು ಸ್ಟೂಲು ತಂದು ಹಾಕಿದ್ದರು.

ಒಂದು ಕಾದಂಬರಿಯ ಕೊನೆಯ ಪುಟದಲ್ಲಿ ನನಗೆ ಮೊದಲ ಚೀಟಿ ಸಿಕ್ಕಿತು. ಹಳೆಯ ಕ್ಯಾಲೆಂಡರಿನ ಹಾಳೆ ಕತ್ತರಿಸಿ ಮಾಡಿದ್ದು. ಮೇಲೆ ಪುಸ್ತಕದ ನಂಬರು, ಕೆಳಗೆ ಒಂದು ಮನೆಯ ನಕ್ಷೆ. ಅಂಗಳ, ಪಡಸಾಲೆ, ನಡುಮನೆ, ದೇವರ ಮನೆ, ಹಿತ್ತಲು. ಕೆಲವು ಕೋಣೆಗಳಿಗೆ ಗಟ್ಟಿ ಗೆರೆ, ಕೆಲವಕ್ಕೆ ಚುಕ್ಕಿ ಗೆರೆ. ನಾನು ಆಗಷ್ಟೇ ಓದಿ ಮುಗಿಸಿದ್ದ, ಅಣ್ಣತಮ್ಮಂದಿರು ಪಾಲಾಗುವ ಕಥೆಯ ಮನೆ ಅದು.

“ಇದೇನ್ರಿ ಸರ್?”

“ಆ ಪುಸ್ತಕದ ಮನಿ,” ಎಂದರು, ತುಸು ನಾಚಿಕೆಯಿಂದ. “ಬರೆದೋರು ನನ್ನ ಒಳಗ ಕರ್ಕೊಂಡು ಹೋಗಿ ಕುಂದ್ರಿಸಿದ ಕೋಣಿಗೆ ಗಟ್ಟಿ ಗೆರಿ. ಅಲ್ಲೊಂದು ಅಡಗಿಮನಿ ಐತಿ ಅಂತ ಬರೇ ಹೇಳಿ ಮುಂದ ಹೋದ್ರು ಅಂದ್ರ ಚುಕ್ಕಿ.”

“ಚುಕ್ಕಿ ಯಾಕ್ರಿ?”

“ಕೇಳಿದ್ದನ್ನ ನೋಡೀನಿ ಅನ್ನಬಾರ್ದಲ್ಲವಾ ತಂಗಿ.”

ಅವರ ತಂದೆ ಗೌಂಡಿ. ಪೆನ್ಸಿಲ್ ಕಿವಿಗೆ ಸಿಕ್ಕಿಸುವುದು ತಂದೆಯಿಂದ ಬಂದದ್ದು. ಒಂದು ಮಧ್ಯಾಹ್ನ ಬೀರುವಿನ ಧೂಳು ಒರೆಸುತ್ತ ಹೇಳಿದರು: “ನಮ್ಮಪ್ಪ ಕೊಟ್ಟೂರಾಗ ದೊಡ್ಡ ದೊಡ್ಡ ಮನಿ ಕಟ್ಯಾನ. ಕಟ್ಟೋತನಕ ಎಲ್ಲಾ ಕೋಣಿನೂ ಅವಂದ. ದೇವರ ಮನ್ಯಾಗ ಕುಂತು ಬುತ್ತಿ ಉಂಡಾನ. ಗೃಹಪ್ರವೇಶ ಆತು ಅಂದ್ರ ಮುಗೀತು. ಮರುದಿನ ಮರೆತ ಕರಣಿ ತರಾಕ ಹೋದ್ರ ಅಂಗಳದಾಗ ನಿಂತು ಕೂಗಬೇಕು. ಅವರೇ ತಂದು ಮೆಟ್ಟಿಲ ಮ್ಯಾಲ ಇಡೋರು.” ಇನ್ನೊಂದು ಪುಸ್ತಕದ ಬೆನ್ನು ಒರೆಸಿಟ್ಟು ಸೇರಿಸಿದರು: “ನಾ ಪುಣ್ಯವಂತ. ಕಾದಂಬ್ರಿ ಓದಾಕ ಬರ್ತೈತಿ. ಎಲ್ಲರ ಮನಿಗೂ ಹೋಗಿಬಂದೀನಿ.”

ಅವರ ಮನೆತನ ಬೌದ್ಧರಾಗಿ ಒಂದು ತಲೆಮಾರಾಗಿತ್ತು. ಪೇಪರ್ ಓದಲು ಬರುತ್ತಿದ್ದ ಒಬ್ಬ ಹಿರಿಯರಿಗೆ ಅದು ಬಗೆಹರಿಯುತ್ತಲೇ ಇರಲಿಲ್ಲ.

“ತಾವು ಯಾವ ಪೈಕಿ ಅಂದ್ರಿ?”

“ಬೌದ್ಧರ್ರಿ.”

“ಅದು ಖರೆ. ಅದಕ್ಕ ಮೊದ್ಲು?”

“ಅದಕ್ಕ ಮೊದ್ಲು ಕೊಟ್ಟೂರಾಗಿದ್ನಿರಿ.”

ನಾನು ಬೀರುವಿನ ಹಿಂದೆ ಬಾಯಿಗೆ ದುಪಟ್ಟಾ ಒತ್ತಿಕೊಂಡು ನಕ್ಕಿದ್ದೆ. ಅವರು ಮುಖದಲ್ಲಿ ಒಂದು ಗೆರೆಯನ್ನೂ ಅಲ್ಲಾಡಿಸದೆ ಪುಸ್ತಕಕ್ಕೆ ಸೀಲು ಹೊಡೆದಿದ್ದರು.

ಕಾದಂಬರಿಗಳಲ್ಲಿ ಕಾಲ ಹೇಗೆ ಬದಲಾಯಿತು ಎನ್ನುವುದನ್ನು ನನಗೆ ತೋರಿಸಿಕೊಟ್ಟವರು ಅವರೇ. ಕಾಲೇಜಿನಲ್ಲಿ ಕುಟುಂಬ, ಅಸ್ಮಿತೆ, ಸಾಮಾಜಿಕ ಪಲ್ಲಟ ಎಂದು ನೋಟ್ಸ್ ಬರೆಸುತ್ತಿದ್ದರು. ಇವರು ಚೀಟಿಗಳನ್ನು ಮೇಜಿನ ಮೇಲೆ ಸಾಲಾಗಿ ಹರಡುತ್ತಿದ್ದರು. “ನೋಡು, ಹಳೇ ಪುಸ್ತಕದಾಗ ಅಂಗಳ ಎಷ್ಟು ದೊಡ್ಡದೈತಿ. ನನ್ನಂಥೋರು ಅಲ್ಲೇ ನಿಂತು ಮಾತಾಡಿ ಹೋಗಬಹುದಿತ್ತು. ಈಗಿನ ಪುಸ್ತಕದಾಗ ಅಂಗಳಾನ ಇಲ್ಲ. ಬಾಗ್ಲಾ ತೆಗದ್ರ ಸೋಫಾ. ಒಳಗ ಕರೀಬೇಕು, ಇಲ್ಲಾ ಬಾಗ್ಲಾ ಹಾಕಬೇಕು. ಏನ್ ಮಾಡ್ತಾರ ನೋಡೋಣು.”

ಹೆಂಡತಿ ತೀರಿಕೊಂಡು ಬಹಳ ವರ್ಷವಾಗಿತ್ತು. ಒಬ್ಬಳೇ ಮಗಳು ಹಗರಿಬೊಮ್ಮನಹಳ್ಳಿಯ ಹಾಸ್ಟೆಲಿನಲ್ಲಿದ್ದು ಓದುತ್ತಿದ್ದಳು. ಇವರು ಮಧ್ಯಾಹ್ನ ಬೀರುವಿನ ಹಿಂದೆ ಗೋಡೆಗೆ ಮುಖ ಮಾಡಿ ಕೂತು, ಮೊಣಕಾಲ ಮೇಲೆ ಪುಸ್ತಕ ತೆರೆದಿಟ್ಟುಕೊಂಡು ಉಣ್ಣುತ್ತಿದ್ದರು. ಅವರ ಮೇಜಿನ ಖಾನೆಯಲ್ಲಿ ಮದುವೆಯ ಕಾರ್ಡುಗಳ ಒಂದು ಕಟ್ಟೇ ಇತ್ತು. ಇಷ್ಟೊಂದು ಜನ ಕರೀತಾರಲ್ಲ ಸರ್ ಎಂದು ನಾನೊಮ್ಮೆ ಅಂದೆ.

“ಕಾರ್ಡ್ ಕೊಡ್ತಾರ ತಂಗಿ. ಕರಿಯೋದು ಬ್ಯಾರೆ.”

ಅದಕ್ಕೆ ನಾನು, ಯಾರೂ ಕೇಳದಿದ್ದರೂ, ಹೇಳಿದೆ: “ನಾ ಮನಿ ಕಟ್ಟಿದ್ರ ನಿಮ್ಮನ್ನ ಕರ್ಕೊಂಡು ಹೋಗಿ ಒಂದೊಂದು ಕೋಣಿನೂ ತೋರಿಸ್ತೀನಿ ಸರ್.”

“ಗಟ್ಟಿ ಗೆರೀಲೆ ಬರಿತೀನಿ ಹಂಗಾರ,” ಎಂದು ಅವರು ಪೆನ್ಸಿಲನ್ನು ಕಿವಿಯಿಂದ ತೆಗೆದು ಗಾಳಿಯಲ್ಲಿ ಒಂದು ಚೌಕ ಎಳೆದರು.

ಆಗ ನನಗೆ ಇಪ್ಪತ್ತು. ಮನೆ ಕಟ್ಟುವಾಗ ಮೂವತ್ನಾಲ್ಕು. ಹರಪನಹಳ್ಳಿಯಲ್ಲಿ ನಾನು ಶಿಕ್ಷಕಿ, ಗಂಡನಿಗೂ ನೌಕರಿ, ಮನೆಯ ಕಾಗದ ನನ್ನ ಹೆಸರಿನಲ್ಲೇ ಇತ್ತು. ನಾನೇ ಬಸ್ಸು ಹತ್ತಿ ಕೂಡ್ಲಿಗಿಗೆ ಹೋಗಿ ಅವರಿಗೆ ಕಾರ್ಡು ಕೊಟ್ಟೆ. ಅವರು ನಿವೃತ್ತರಾಗಿದ್ದರು. “ಬರೇ ಕಾರ್ಡ್ ಅಲ್ಲ ಸರ್, ಕರೆಯಾಕ ಬಂದೀನಿ,” ಎಂದೆ. ಅವರು ಬಹಳ ಹೊತ್ತು ಕಾರ್ಡನ್ನು ತಿರುಗಿಸಿ ನೋಡಿದರು.

ನಮ್ಮ ಕಡೆ ಗೃಹಪ್ರವೇಶಕ್ಕೆ ಬಂದವರನ್ನು ಮನೆಯೊಡತಿ ಕೋಣೆಯಿಂದ ಕೋಣೆಗೆ ಕರೆದುಕೊಂಡು ಹೋಗಿ ತೋರಿಸುವುದು ರೂಢಿ. ಅವತ್ತು ಬೆಳಿಗ್ಗೆಯಿಂದ ನಾನು ಅದನ್ನೇ ಮಾಡುತ್ತಿದ್ದೆ. ಹನ್ನೊಂದರ ಹೊತ್ತಿಗೆ ಅವರು ಗೇಟಿನಲ್ಲಿ ಕಾಣಿಸಿದರು. ಇಸ್ತ್ರಿ ಮಾಡಿದ ಬಿಳಿ ಅಂಗಿ, ಕಂಕುಳಲ್ಲಿ ಕಾಗದ ಸುತ್ತಿದ ಗೋಡೆ ಗಡಿಯಾರ. ಕಿವಿಯ ಮೇಲೆ ಪೆನ್ಸಿಲ್ ಇರಲಿಲ್ಲ. ಜೇಬಿನಲ್ಲಿತ್ತು, ಹೊಸದು.

ಬಾಗಿಲಲ್ಲಿ ಅತ್ತೆ ನನ್ನ ಮೊಣಕೈ ಹಿಡಿದರು.

“ಯಾರಮ್ಮ ಅವ್ರು?”

“ನಮ್ಮ ಲೈಬ್ರರಿ ಸರ್.”

“ಯಾವ ಪೈಕಿ?”

“ಬೌದ್ಧರು ಅತ್ತೆ.”

“ಅದಕ್ಕೆ ಮೊದ್ಲು?”

ಕೊಟ್ಟೂರಾಗಿದ್ರು ಎನ್ನಬಹುದಿತ್ತು. ಆ ಉತ್ತರ ನನಗೆ ಬಾಯಿಪಾಠವಾಗಿತ್ತು. ನಾನು ಅತ್ತೆ ಕೇಳಿದ ಜಾತಿಯ ಹೆಸರನ್ನೇ ಹೇಳಿಬಿಟ್ಟೆ. ಒಂದೇ ಪದ, ಮೆಲ್ಲಗೆ.

ಅತ್ತೆ ಸಿಟ್ಟಾಗಲಿಲ್ಲ. ಅವರು ಸಿಟ್ಟಾಗುವವರಲ್ಲ. “ನೋಡಮ್ಮ, ನಿಮ್ಮ ಮಾವನೋರ ಅಣ್ತಮ್ಮಂದಿರೆಲ್ಲ ಬಂದಾರೆ. ಇವತ್ತೊಂದಿನ. ಶಾಮಿಯಾನದಾಗ ಗಾಳಿ ಚೆನ್ನಾಗೈತಿ, ಅಲ್ಲೇ ಕೂರ್ಸು. ನಾಳೆ ಬಂದ್ರೆ ಎಲ್ಲಾ ತೋರ್ಸು, ನಾನೇನಾರ ಅಂತೀನಾ?” ನಾನು ಗಂಡನ ಮುಖ ನೋಡಿದೆ. ಅವರು ಅಡುಗೆಯವರನ್ನು ಏನೋ ಕೇಳಲು ಹೊರಟುಹೋದರು.

ನಾನೇ ಕುರ್ಚಿ ಹಾಕಿದೆ. ಶಾಮಿಯಾನದ ಮೂರನೆಯ ಕಂಬದ ಪಕ್ಕ. ಗಡಿಯಾರವನ್ನು ಯಾರೋ ಇಸಿದುಕೊಂಡು ಒಳಗೆ ಒಯ್ದರು.

ಅವರಿಗೆ ಎಲ್ಲವೂ ತಕ್ಷಣ ಅರ್ಥವಾಗಿತ್ತು ಎಂದು ಈಗ ಅನ್ನಿಸುತ್ತದೆ. ಆದರೆ ನನ್ನನ್ನು ಮಾತಿಲ್ಲದೆ ನಿಲ್ಲಿಸಲು ಅವರಿಗೆ ಮನಸ್ಸಾಗಲಿಲ್ಲ.

“ಅಡಗಿಮನಿ ಯಾವ ಕಡಿಗೆ ಬಂತವಾ?”

ನಾನು ಕೈ ಚಾಚಿದೆ. “ಆ ಕಿಟಕಿ ಐತಲ್ಲ ಸರ್, ಅದರ ಹಿಂದ.”

“ದೇವರ ಮನಿ?”

“ಅದರ ಪಕ್ಕಕ್ಕ.”

“ಪುಸ್ತಕ ಎಲ್ಲಿಡ್ತಿ?”

“ಮ್ಯಾಲ ಒಂದು ಸಣ್ಣ ಕೋಣಿ ಮಾಡೀವಿ.”

“ಪುಸ್ತಕಕ್ಕ ಬ್ಯಾರೆ ಕೋಣಿ!” ಎಂದು ತಲೆ ಎತ್ತಿ ಮಹಡಿಯತ್ತ ನೋಡಿದರು. ಆ ಸಂತೋಷ ನಿಜವಾದದ್ದೇ ಆಗಿತ್ತು.

ಅಷ್ಟರಲ್ಲಿ ಅತ್ತೆ ಸ್ಟೀಲಿನ ಡಬ್ಬಿ ಹಿಡಿದು ಬಂದರು. ಹೋಳಿಗೆ, ಪಲ್ಯ, ಅನ್ನ, ಎಲ್ಲ ತುಂಬಿದ್ದರು. “ನಿಮ್ಗೆ ಬಸ್ಸಿಗೆ ಹೊತ್ತಾಗ್ತತಿ ಅಂದ್ಳು ನಮ್ಮ ಸೊಸೆ.” ನಾನು ಹಾಗೆ ಅಂದಿರಲಿಲ್ಲ. ಅಂದಿಲ್ಲ ಎಂದೂ ಹೇಳಲಿಲ್ಲ.

ಅವರು ಎದ್ದು ಡಬ್ಬಿ ತೆಗೆದುಕೊಂಡರು. ಹೋಗುವಾಗ ಹೊರಗಿನ ಗೋಡೆಗೆ ಅಂಗೈ ಇಟ್ಟು ಒಂದು ಕಣ್ಣು ಮುಚ್ಚಿ ನೋಡಿದರು, ಅವರ ತಂದೆ ನೋಡುತ್ತಿದ್ದ ಹಾಗಿರಬೇಕು. “ಗ್ವಾಡಿ ನೇರ ಅದಾವ ತಂಗಿ. ಗೌಂಡಿ ಚಲೋ ಅದಾನ.”

ವಾರದೊಳಗೆ ಡಬ್ಬಿ ಗೊತ್ತಿದ್ದ ಕಂಡಕ್ಟರೊಬ್ಬರ ಕೈಯಲ್ಲಿ ತಿರುಗಿ ಬಂತು. ಬರಿದೇ ಕಳಿಸಬಾರದೆಂದು ಸಕ್ಕರೆ ತುಂಬಿಸಿದ್ದರು. ಆಮೇಲೆ ಎರಡು ಸಲ ಕೊಟ್ಟೂರು ಬಸ್‌ಸ್ಟ್ಯಾಂಡಿನಲ್ಲಿ ಸಿಕ್ಕರು. ಏನು ಓದುತ್ತಿದ್ದೀ ಎಂದು ಕೇಳಿದರು. ಮನೆಯ ಮಾತು ಅವರೂ ಎತ್ತಲಿಲ್ಲ, ನಾನೂ ಎತ್ತಲಿಲ್ಲ. ಅತ್ತೆ ಹೇಳಿದ್ದ ಆ ನಾಳೆ ನನ್ನ ಕೈಯಲ್ಲೇ ಇತ್ತು. ಆರು ವರ್ಷ ಇತ್ತು. ನಾನು ಒಂದು ದಿನವೂ ಅವರನ್ನು ಕರೆಯಲಿಲ್ಲ. ಕರೆದರೆ ಮೊದಲ ದಿನದ ಬಗ್ಗೆ ಏನಾದರೂ ಹೇಳಬೇಕಾಗುತ್ತಿತ್ತು.

ಅವರು ತೀರಿಕೊಂಡ ಸುದ್ದಿ ನನಗೆ ತಿಂಗಳು ತಡವಾಗಿ ತಿಳಿಯಿತು. ಕೂಡ್ಲಿಗಿಗೆ ಹೋದೆ. ಅವರ ಮನೆಯೊಳಗೆ ನಾನು ಅದೇ ಮೊದಲು ಹೋದದ್ದು. ಕಾರ್ಡನ್ನೂ ಬಾಗಿಲಲ್ಲೇ ಕೊಟ್ಟು ಬಂದಿದ್ದೆ. ಮಗಳು ಬಾಗಿಲು ತೆಗೆದಳು. “ನೀವು ಹರಪನಹಳ್ಳಿ ಅಕ್ಕ ಅಲ್ರಿ? ಅಪ್ಪ ಹೇಳ್ತಿದ್ರು. ಬರ್ರಿ, ಒಳಗ ಬರ್ರಿ.” ಮುಂದಿನ ಕೋಣೆಯ ತುಂಬ ಪುಸ್ತಕ ಕಟ್ಟಿಟ್ಟಿದ್ದಳು, ಕೂರಲು ಜಾಗವಿರಲಿಲ್ಲ. ನೇರ ಅಡುಗೆಮನೆಗೆ ಕರೆದೊಯ್ದು, ಒಲೆಯ ಪಕ್ಕ ಮಣೆ ಹಾಕಿ, ಚಹಾ ಕೊಟ್ಟಳು. ಅವರು ಬಳಸುತ್ತಿದ್ದ ಒಂದು ಮಣೆ, ಒಂದು ತಟ್ಟೆ, ಒಂದು ಲೋಟ ಗೋಡೆಗೆ ಒರಗಿದ್ದವು.

ಆಮೇಲೆ ಬೂಟಿನ ಡಬ್ಬಿಯೊಂದನ್ನು ತಂದಳು. ಚೀಟಿಗಳು. “ನಂಬರ್ ಇದ್ದದ್ದನ್ನೆಲ್ಲ ಹೊಂದಿಸೀನ್ರಿ ಅಕ್ಕ. ಇದೊಂದಕ್ಕ ನಂಬರಿಲ್ಲ. ಯಾವ ಕಾದಂಬ್ರಿದೋ ಏನೋ. ನೀವು ಓದಿರ್ತೀರಿ, ನೋಡ್ರಿ.”

ಕಾಂಪೌಂಡು ಗಟ್ಟಿ ಗೆರೆ. ಗೇಟು, ಶಾಮಿಯಾನದ ಆರು ಕಂಬ, ಮೂರನೆಯದರ ಪಕ್ಕ ಒಂದು ಕುರ್ಚಿ, ಗಟ್ಟಿ ಗೆರೆ. ಮೆಟ್ಟಿಲು ಗಟ್ಟಿ ಗೆರೆ. ಬಾಗಿಲಿನಿಂದ ಆಚೆ ಎಲ್ಲ ಚುಕ್ಕಿ. ಕಿಟಕಿಯ ಹಿಂದೆ ಅಡುಗೆಮನೆ, ಪಕ್ಕಕ್ಕೆ ದೇವರ ಮನೆ, ಮೇಲಕ್ಕೊಂದು ಬಾಣದ ಗುರುತು ಹಾಕಿ ‘ಪುಸ್ತಕ’. ಮುಂದಿನ ಕೋಣೆಯ ಎಡಗೋಡೆಗೆ ಒಂದು ಸಣ್ಣ ದುಂಡು, ಅದೂ ಚುಕ್ಕಿಯದೇ. ಗಡಿಯಾರವನ್ನು ನಾವು ಹಾಕಿದ್ದು ಬಲಗೋಡೆಗೆ.

ಅವಳು ಕಾಯುತ್ತಿದ್ದಳು. ನನ್ನ ಕೈಯಲ್ಲಿ ಅವಳ ಮನೆಯ ಚಹಾ ಇತ್ತು.

“ಗೊತ್ತಾಗವಲ್ದು,” ಎಂದೆ.

ಮನೆಗೆ ಬಂದು ಹದಿನೈದು ದಿನವಾಯಿತು. ಈ ಪುಟಗಳನ್ನು ಮೊದಲು ಅವಳಿಗೇ ಕಳಿಸುತ್ತೇನೆ. ಆ ಚೀಟಿ ಯಾವ ಕಾದಂಬರಿಯದೂ ಅಲ್ಲ ತಂಗಿ. ಅದು ನಮ್ಮ ಮನೆ.